ಪ್ಲೇ ಗುಂಡಿ ಒತ್ತಿದ ಮೇಲೆ

2016ರ ಜೂನ್‌ನಲ್ಲಿ ‘ಉಡ್ತಾ ಪಂಜಾಬ್’ ಚಿತ್ರಕ್ಕೆ ಬಾಂಬೆ ಹೈಕೋರ್ಟು ಒಂದೇ ಕಟ್‌ನೊಡನೆ ಅನುಮತಿ ಕೊಟ್ಟಿತು. ಬಿಡುಗಡೆಗೆ ಎರಡು ದಿನ ಇರುವಾಗಲೇ ಇಡೀ ಚಿತ್ರ ಇಂಟರ್‌ನೆಟ್‌ನಲ್ಲಿ ಸೋರಿಕೆಯಾಯಿತು. ಸೆನ್ಸಾರಿಗೆಂದು ಕೊಟ್ಟ ಪ್ರತಿಯ ಗುರುತು ಪರದೆಯ ಮೇಲೆ ಹಾಗೇ ಉಳಿದಿತ್ತು. ನಿರ್ಮಾಪಕರಿಗಾದ ನಷ್ಟದ ಬಗ್ಗೆ ಆಗ ಬಹಳ ಬರೆದರು. ಪುಕ್ಕಟೆ ನೋಡಿದವರು ಏನು ತೆತ್ತರು ಎಂದು ಕೇಳಿದವರು ಕಡಿಮೆ.

ಕನ್ನಡ ಸಿನಿಮಾ ಮುಂಬಯಿಯಲ್ಲಿ ಒಂದೆರಡು ಆಟಗಳಿಗೇ ಮುಗಿಯುವುದುಂಟು. ಡೊಂಬಿವಲಿಯಿಂದ ಲೋಕಲ್ ಹತ್ತಿದ ನಮ್ಮವರೊಬ್ಬರು ಮೊಬೈಲಿನಲ್ಲಿ ಪುಕ್ಕಟೆ ಸಿನಿಮಾ ತೋರಿಸುವ ತಾಣ ಹುಡುಕುವುದು ನನಗೆ ಅರ್ಥವಾಗುತ್ತದೆ. ಆದರೆ ಆ ತಾಣದ ಯಂತ್ರ ನಡೆಯುವ ಬಗೆ ಅವರಿಗೆ ಗೊತ್ತಿರಬೇಕು.

ಪ್ಲೇ ಗುಂಡಿಯ ಮೇಲೆ ಬಹಳ ಸಲ ಕಣ್ಣಿಗೆ ಕಾಣದ ಪದರವೊಂದು ಹರಡಿರುತ್ತದೆ. ಮೊದಲ ಸಲ ಬೆರಳು ತಾಗುವುದು ಅದಕ್ಕೆ. ಕೂಡಲೇ ಬೇರೊಂದು ಪುಟ ತೆರೆಯುತ್ತದೆ: ಜೂಜಿನ ಜಾಹೀರಾತು, ‘ನಿಮ್ಮ ಫೋನಿಗೆ ವೈರಸ್ ಬಂದಿದೆ’ ಎಂಬ ಸುಳ್ಳು ಎಚ್ಚರಿಕೆ. ಹೀಗೆ ತೆರೆಯುವ ಪುಟಗಳಿಂದಲೇ ತಾಣದವರಿಗೆ ಹಣ. 2017ರ ಸೆಪ್ಟೆಂಬರಿನಲ್ಲಿ ‘ಪೈರೇಟ್ ಬೇ’ ಎಂಬ ಕಳ್ಳಪ್ರತಿಗಳ ತಾಣ ಇನ್ನೂ ಮುಂದೆ ಹೋಗಿ, ಬಂದವರ ಕಂಪ್ಯೂಟರನ್ನೇ ಗುಟ್ಟಾಗಿ ದುಡಿಸಿ ಮೊನೆರೊ ಎಂಬ ಕ್ರಿಪ್ಟೊ ನಾಣ್ಯ ಗಳಿಸುವ ಕೋಡನ್ನು ತನ್ನ ಪುಟಗಳಲ್ಲಿ ಸೇರಿಸಿತ್ತು.

ಅದಕ್ಕಿಂತ ಕೆಟ್ಟದ್ದು ‘ಈ ಪ್ಲೇಯರ್ ಹಾಕಿಕೊಂಡರೆ ಎಚ್‌ಡಿಯಲ್ಲಿ ನೋಡಬಹುದು’ ಎಂಬ ಆಹ್ವಾನ. ಡೌನ್‌ಲೋಡ್ ಆದ ಕಡತದ ಹೆಸರಿನ ಕೊನೆಯಲ್ಲಿ ‘ಎಪಿಕೆ’ ಎಂದಿದ್ದರೆ ಅದು ಆ್ಯಪ್. ನಡುವೆ ‘ಎಂಪಿ4’ ಎಂದು ಬರೆದಿದ್ದರೂ ಅಷ್ಟೇ. ಇಂಥ ಆ್ಯಪ್ ಬಹಳ ಸಲ ಮೊದಲು ಎಸ್‌ಎಂಎಸ್ ಓದಲು ಅನುಮತಿ ಕೇಳುತ್ತದೆ. ಸಿನಿಮಾ ತೋರಿಸಲು ಎಸ್‌ಎಂಎಸ್ ಏಕೆ ಬೇಕು? ಬ್ಯಾಂಕಿನ ಒಟಿಪಿ ಬರುವುದು ಅಲ್ಲಿಗೆ. ಆಮೇಲೆ ‘ಆ್ಯಕ್ಸೆಸಿಬಿಲಿಟಿ’ ಸೌಲಭ್ಯ ಕೇಳುತ್ತದೆ. ಕಣ್ಣು ಕಾಣದವರಿಗೆ ಪರದೆಯನ್ನು ಓದಿ ಹೇಳಲೆಂದು ಮಾಡಿದ ಸೌಲಭ್ಯ ಅದು. ಕಳ್ಳರ ಕೈಗೆ ಸಿಕ್ಕರೆ ಪರದೆಯಲ್ಲಿರುವುದನ್ನು ಓದುತ್ತದೆ, ನಿಮ್ಮ ಬದಲು ಗುಂಡಿಯನ್ನೂ ಒತ್ತುತ್ತದೆ. ದೃಷ್ಟಿಹೀನರಿಗೆಂದು ಕಟ್ಟಿದ್ದನ್ನು ಹೀಗೆ ಬಳಸುವುದು ನನಗೆ ಅತಿ ನೀಚವೆನಿಸುತ್ತದೆ.

ಅಂಥ ಆ್ಯಪ್ ಈಗಾಗಲೇ ಹಾಕಿಕೊಂಡಿದ್ದರೆ ಫೋನಿನ ಇಂಟರ್‌ನೆಟ್ ಕಡಿದುಹಾಕಿ, ಬೇರೆ ಫೋನಿನಿಂದ ಬ್ಯಾಂಕಿಗೆ ತಿಳಿಸಿ. ಹಣ ಹೋಗಿದ್ದರೆ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೂ ಕರೆ ಮಾಡಿ. ಕದ್ದ ಹಣ ಖಾತೆಯಿಂದ ಖಾತೆಗೆ ಹಾರುತ್ತಿರುವಾಗ ಅದನ್ನು ತಡೆಹಿಡಿಯಬಹುದು; ಎಟಿಎಂನಿಂದ ನಗದಾಗಿ ಹೊರಬಿದ್ದ ಮೇಲೆ ಹಿಡಿಯುವುದು ಬಹಳ ಕಷ್ಟ.