ನಲ್ಲಿ ಯಾಕೆ ಸದ್ದು ಮಾಡುತ್ತದೆ?

ನೀರುಗಂಟಿ ವಾಲ್ವು ತಿರುಗಿಸಿದ ಕೂಡಲೇ ನಲ್ಲಿಯಿಂದ ಮೊದಲು 'ಸುಯ್' ಅಂತ ಗಾಳಿ ಬರುತ್ತದೆ, ಆಮೇಲೆ ನೀರು. ಖಾಲಿ ಪೈಪಿನೊಳಗಿದ್ದ ಗಾಳಿಯನ್ನು ನೀರು ಹೊರಗೆ ದಬ್ಬುವ ಸದ್ದು ಅದು. ಅದಕ್ಕೆ ರಿಪೇರಿ ಏನೂ ಬೇಡ. ರಿಪೇರಿ ಬೇಕಾದ ಸದ್ದುಗಳು ಬೇರೆ ಇವೆ.

ನಲ್ಲಿಯನ್ನು ಪಟಕ್ಕನೆ ನಿಲ್ಲಿಸಿದಾಗ ಗೋಡೆಯಲ್ಲಿ ಯಾರೋ ಗುದ್ದಿದ ಹಾಗೆ 'ಢಣ್' ಅಂತ ಕೇಳುತ್ತದಲ್ಲ, ಅದಕ್ಕೆ ವಾಟರ್ ಹ್ಯಾಮರ್, ಅಂದರೆ ನೀರಿನ ಸುತ್ತಿಗೆ ಎಂದು ಹೆಸರು. 100 ಅಡಿ ಉದ್ದದ ಅರ್ಧ ಇಂಚಿನ ಪೈಪಿನಲ್ಲಿ ಸುಮಾರು 5 ಲೀಟರ್ ನೀರು ಇರುತ್ತದೆ. ಅಂದರೆ 5 ಕೆ.ಜಿ. ಭಾರ. ಅಷ್ಟು ಭಾರ ಓಡಿ ಬರುತ್ತಿರುವಾಗ ಎದುರಿಗೆ ಬಾಗಿಲು ಮುಚ್ಚಿದರೆ ಏನಾಗಬೇಕು? ಬಸ್ಸಿಗೆ ಜೋರಾಗಿ ಬ್ರೇಕ್ ಹಾಕಿದರೆ ನಿಂತವರೆಲ್ಲ ಮುಂದಕ್ಕೆ ಬೀಳುತ್ತೇವೆ. ಪಾಠದಲ್ಲಿ ಇದನ್ನೇ ಜಡತ್ವ ಅಂತಾರೆ. ನೀರು ಗಾಳಿಯ ಹಾಗೆ ಅದುಮಿಕೊಳ್ಳುವುದಿಲ್ಲ, ಆದ್ದರಿಂದ ಪೆಟ್ಟೆಲ್ಲಾ ಪೈಪಿಗೆ. ಕಬ್ಬಿಣದ ಪೈಪಿನಲ್ಲಿ ಸೆಕೆಂಡಿಗೆ 1 ಮೀಟರ್ ವೇಗದಲ್ಲಿ ಹರಿಯುವ ನೀರನ್ನು ಒಮ್ಮೆಲೇ ತಡೆದರೆ, 100 ಮೀಟರಿಗಿಂತ ಎತ್ತರದ ಟ್ಯಾಂಕಿನಿಂದ ಬಂದಷ್ಟು ಒತ್ತಡ ಒಂದು ಕ್ಷಣ ಏಳುತ್ತದೆ! ಪಿವಿಸಿ ಪೈಪು ಸ್ವಲ್ಪ ಹಿಗ್ಗುವುದರಿಂದ ಅದರಲ್ಲಿ ಪೆಟ್ಟು ಕಡಿಮೆ, ಆದರೆ ದಿನಾ ಬಿದ್ದರೆ ಅದರ ಜಾಯಿಂಟೂ ಸಡಿಲವಾಗುತ್ತದೆ.

ಇದಕ್ಕೆ ಖರ್ಚಿಲ್ಲದ ಉಪಾಯ, ನಲ್ಲಿಯನ್ನು ನಿಧಾನವಾಗಿ ನಿಲ್ಲಿಸುವುದು. ಕಾಲು ಸುತ್ತಿಗೇ ಮುಚ್ಚುವ ಹಿಡಿಯ ನಲ್ಲಿಗಿಂತ ತಿರುಪಿನ ನಲ್ಲಿ ವಾಸಿ. ಪೈಪು ಗೋಡೆಗೆ ಬಡಿಯುತ್ತಿದ್ದರೆ ಹಳೇ ಸೈಕಲ್ ಟ್ಯೂಬಿನ ತುಂಡು ಸುತ್ತಿ, ಅದರ ಮೇಲೆ ಕ್ಲಾಂಪ್ ಹೊಡೆಯಬೇಕು.

ತಿರುಪಿನ ನಲ್ಲಿ ಅರ್ಧ ತೆಗೆದಾಗ 'ಗುಂಯ್' ಅಂತ ನಡುಗಿದರೆ ಒಳಗಿನ ವಾಷರ್ ಸವೆದಿದೆ ಎಂದೇ ಲೆಕ್ಕ. ನೀರು ಬಿಡದ ಹೊತ್ತಿನಲ್ಲಿ ಸ್ಪ್ಯಾನರಿನಿಂದ ತಲೆ ಬಿಚ್ಚಿ ಹೊಸದು ಹಾಕಿದರೆ ಆಯ್ತು. ಹವಾಯಿ ಚಪ್ಪಲಿ ಕತ್ತರಿಸಿ ಹಾಕುವವರೂ ಇದ್ದಾರೆ. ಅದು ಮೆತ್ತಗಿರುವುದರಿಂದ ಬೇಗ ಚಪ್ಪಟೆಯಾಗುತ್ತದೆ.

ಎಲ್ಲಕ್ಕಿಂತ ಕೆಟ್ಟ ಸದ್ದನ್ನು ಮಾತ್ರ ಯಾರೂ ಲೆಕ್ಕಕ್ಕೇ ಇಡುವುದಿಲ್ಲ. ನೀರು ನಿಂತ ಮೇಲೆ ನಲ್ಲಿ 'ಗೊರ ಗೊರ' ಅನ್ನುತ್ತದೆ. ಆಗ ತೆರೆದ ನಲ್ಲಿಯ ಬಾಯಿಗೆ ಒದ್ದೆ ಕಾಗದ ಹಿಡಿದು ನೋಡಿ. ಎತ್ತರದ ಮನೆಗಳಲ್ಲಿ ಅದು ಒಳಕ್ಕೆ ಅಂಟಿಕೊಳ್ಳಬಹುದು. ಪೈಪಿನ ನೀರು ತಗ್ಗಿನ ಮನೆಗಳ ಕಡೆ ಇಳಿದು ಹೋಗುವಾಗ ಹಿಂದಿನಿಂದ ಎಳೆಯುತ್ತಾ ಇರುತ್ತದೆ. ನಲ್ಲಿಗೆ ಸಿಕ್ಕಿಸಿದ ರಬ್ಬರ್ ಪೈಪಿನ ತುದಿ ಕಲಗಚ್ಚಿನ ಬಾನಿಯಲ್ಲಿ ಮುಳುಗಿದ್ದರೆ ಕಲಗಚ್ಚನ್ನೂ ಎಳೆದುಕೊಳ್ಳುತ್ತದೆ. ಚರಂಡಿಯಲ್ಲಿ ಹಾದು ಹೋದ ಪೈಪಿನ ಜಾಯಿಂಟು ಸಡಿಲವಾಗಿದ್ದರೆ ಚರಂಡಿ ನೀರನ್ನು! ಮಾರನೇ ದಿನ ಅದೇ ನೀರು ಯಾರದೋ ಬಿಂದಿಗೆಗೆ. ವಾಂತಿಭೇದಿ, ಟೈಫಾಯಿಡ್, ಕಾಮಾಲೆ ಹೀಗೂ ಹರಡುತ್ತವೆ. ನಲ್ಲಿಗೇ ಮೋಟರು ಕಟ್ಟಿ ಎಳೆಯುವವರಿಂದ ಈ ಹೀರುವಿಕೆ ಇನ್ನೂ ಜೋರಾಗುತ್ತದೆ. ಅವರಿಗೆ ಹೇಳಿದರೆ ಜಗಳಕ್ಕೆ ಬರುತ್ತಾರೆ, ಆದರೂ ಹೇಳಬೇಕು.

ನೀರು ನಿಲ್ಲುವ ಮೊದಲೇ ನಲ್ಲಿ ಮುಚ್ಚಿ. ರಬ್ಬರ್ ಪೈಪನ್ನು ಬಾನಿಯಲ್ಲಿ ಮುಳುಗಿಸಿ ಬಿಡಬೇಡಿ. ಮೊದಲು ಬಂದ ಒಂದು ಬಕೆಟ್ ನೀರನ್ನು ಗಿಡಕ್ಕೆ ಹಾಕಿ, ಕುಡಿಯುವ ನೀರನ್ನು ಕುದಿಸಿ ಆರಿಸಿ. ಚರಂಡಿಯೊಳಗಿನ ಪೈಪು ಸೋರುತ್ತಿದ್ದರೆ ಪಂಚಾಯ್ತಿಗೆ ಅರ್ಜಿ ಬರೆಯಬೇಕು. ಪೈಪು ಯಾವ ಬೀದಿಯಲ್ಲಿ, ಯಾರ ಮನೆ ಮುಂದೆ ಸೋರುತ್ತಿದೆ ಎಂದು ಅದರಲ್ಲಿ ಸರಿಯಾಗಿ ಬರೆದರೆ ನೀರುಗಂಟಿ ಹುಡುಕುವುದು ತಪ್ಪುತ್ತದೆ.