ವಾಲ್ಥಮ್‌ಸ್ಟೊ ನೊರಜು

ಮೇ ತಿಂಗಳ ಮೊದಲ ವಾರ. ಮೋಡ ಮುಚ್ಚಿದ, ಚಳಿ ಬಿಡದ ಮಧ್ಯಾಹ್ನ. ಉತ್ತರ ಲಂಡನ್ನಿನ ಟಾಟನ್‌ಹ್ಯಾಮ್ ಹೇಲ್ ನಿಲ್ದಾಣದಿಂದ ಸ್ವಲ್ಪ ದೂರ ನಡೆದರೆ ವಾಲ್ಥಮ್‌ಸ್ಟೊ ವೆಟ್‌ಲ್ಯಾಂಡ್ಸ್. ಲೀ ಕಣಿವೆಯ ಹತ್ತು ಜಲಾಶಯಗಳು ಇಲ್ಲಿ ಒಂದಕ್ಕೊಂದು ಒತ್ತಿಕೊಂಡಿವೆ. ಲಕ್ಷಾಂತರ ಮನೆಗಳ ನಲ್ಲಿಗೆ ನೀರು ಹೋಗುವುದು ಇಲ್ಲಿಂದಲೇ. ಸಾರ್ವಜನಿಕರಿಗೆ ಇದರ ಗೇಟು ತೆರೆದದ್ದು 2017ರಲ್ಲಿ.

ದಂಡೆಯ ಪೊದೆಗಳ ನೆತ್ತಿಯಿಂದ ಹೊಗೆ ಏಳುತ್ತಿದೆ. ಗಾಳಿಗೆ ವಾಲುತ್ತದೆ, ಚದುರುತ್ತದೆ, ಮತ್ತೆ ಅದೇ ಪೊದೆಯ ಮೇಲೆ ಬಂದು ಕೂಡುತ್ತದೆ. ಹತ್ತಿರ ಹೋದರೆ ಗುಂಯ್ಯೆನ್ನುವ ಸಣ್ಣ ದನಿ. ಹೊಗೆಯಲ್ಲ, ನೊರಜು: ಕೈರೊನೋಮಸ್ ಕುಲದವು, ಅದರ ಬಂಧುಗಳು. ತಳ್ಳುಗಾಡಿಯ ಮಗುವಿನ ಮುಖದ ಮುಂದೆ ತಾಯಿ ಸೊಳ್ಳೆಯೆಂದು ಕೈ ಬೀಸುತ್ತಾಳೆ. ಪಾಪ, ಇವು ಕಚ್ಚುವುದಿಲ್ಲ. ರೆಕ್ಕೆ ಬಂದ ಮೇಲೆ ಇವುಗಳಿಗೆ ಉಳಿಯುವುದು ಕೆಲವೇ ದಿನ. ಊಟದ ಗೊಡವೆಯೂ ಇಲ್ಲವೆಂದೇ ಹೇಳಬೇಕು. ಗುಂಪಿನಲ್ಲಿರುವವು ಬಹುಪಾಲು ಗಂಡುಗಳು. ಗರಿಗರಿಯಾದ ಮೀಸೆಯಲ್ಲೇ ಹೆಣ್ಣಿನ ರೆಕ್ಕೆಯ ಸದ್ದು ಹಿಡಿಯುತ್ತವೆ. ಹೆಣ್ಣು ನುಗ್ಗಿದ ಕ್ಷಣ ಜೋಡಿಯೊಂದು ಗುಂಪಿನಿಂದ ಕಳಚಿ ಬೀಳುತ್ತದೆ.

ಆದರೆ ಈ ಜೀವದ ದೊಡ್ಡ ಬಾಳು ನೀರಿನಡಿಯದು. ಲೋಳೆಯಲ್ಲಿ ಸುತ್ತಿಟ್ಟ ಮೊಟ್ಟೆ ಒಡೆದು ಮರಿಹುಳು ತಳದ ಕೆಸರಿಗಿಳಿಯುತ್ತದೆ; ತನ್ನದೇ ನೂಲಿನಿಂದ ಕೆಸರು ಹೊಲಿದು ಕೊಳವೆ ಕಟ್ಟಿಕೊಳ್ಳುತ್ತದೆ. ಒಳಗೇ ಮೈ ಬಳುಕಿಸುತ್ತ ನೀರೆಳೆದು, ಪಾಚಿ, ಕೊಳೆತ ಚೂರು ತಿಂದು ಬೆಳೆಯುತ್ತದೆ. ಉಸಿರಾಡಲು ಆಮ್ಲಜನಕ ಸಾಲದ ಜಾಗ ಅದು. ಅದಕ್ಕೇ ಮೈತುಂಬ ಹಿಮೋಗ್ಲೋಬಿನ್, ನಮ್ಮ ನೆತ್ತರಿನದೇ ಕೆಂಪು. ಬೆಂಗಳೂರಿನ ಅಕ್ವೇರಿಯಂ ಅಂಗಡಿಗಳಲ್ಲಿ ಬ್ಲಡ್‌ವರ್ಮ್ ಎಂದು ಮಾರುವುದು ಈ ಹುಳುವನ್ನೇ.

ಕೋಶವಾಗಿ ಮೇಲೆ ತೇಲಿಬಂದಾಗ ಕಾದಿರುತ್ತದೆ ಟ್ರೌಟ್ ಮೀನು. ಗಾಳದವರು ಈ ಕೋಶವನ್ನು ಬಝರ್ ಎನ್ನುತ್ತಾರೆ. ಅದರದೇ ಆಕಾರದಲ್ಲಿ ಕೊಕ್ಕೆಗೆ ನೂಲು ಸುತ್ತುತ್ತಾರೆ. ತಪ್ಪಿಸಿಕೊಂಡದ್ದು ಸಿಪ್ಪೆ ಸೀಳಿ ಹಾರುತ್ತದೆ.

ಹಾರಿದ ಮೇಲೂ ಬಿಡುವವರಿಲ್ಲ. ತುಂತುರು ಶುರುವಾಯಿತು, ನೊರಜು ನೀರಿನ ಮಟ್ಟಕ್ಕೆ ಇಳಿದವು, ಹಿಂದೆಯೇ ಸ್ವಿಫ್ಟ್‌ಗಳು. ಆಫ್ರಿಕಾದಿಂದ ಈಗಷ್ಟೇ ಬಂದು ತಲುಪಿದ ಈ ಕಪ್ಪು ಹಕ್ಕಿಗಳು ಕುಡುಗೋಲು ರೆಕ್ಕೆ ಚಾಚಿ, ಬಾಯಿ ತೆರೆದು, ಅಲೆಗೆ ತಾಗುವಂತೆ ಬಾಚಿಕೊಂಡು ಸಾಗುತ್ತಿವೆ. ಬ್ರಿಟನ್ನಿನಲ್ಲಿ ಇವು 2021ರಿಂದ ಅಪಾಯದಲ್ಲಿರುವ ಹಕ್ಕಿಗಳ ಕೆಂಪು ಪಟ್ಟಿಯಲ್ಲಿವೆ. ಇಂಥ ಮಳೆಯ ದಿನ ಅವಕ್ಕೆ ಹೊಟ್ಟೆಗೆ ಸಿಗುವುದು ಈ ಜಲಾಶಯಗಳ ಮೇಲೆಯೇ. ಇಲ್ಲಿನ ಹಳೆಯ ಎಂಜಿನ್ ಮನೆಯ ಚಿಮಣಿಯನ್ನು ಮತ್ತೆ ಕಟ್ಟುವಾಗ ಅವಕ್ಕೆಂದೇ ಗೂಡುಗಳನ್ನಿಟ್ಟಿದ್ದಾರೆ. ಮರಿಯಾದರೆ ತಾಯಿ ತಂದೆ ಎರಡೂ ನೂರಾರು ಕೀಟಗಳನ್ನು ಗಂಟಲಲ್ಲಿ ಉಂಡೆ ಕಟ್ಟಿ ತರಬೇಕು, ದಿನವಿಡೀ.