ಮೀನಿನ ಒಡಲಲ್ಲಿ ವಿಷದ ಪಾಡು

ಕೊಳೆತ ನೀರಿನಲ್ಲಿ ಮೀನಿನ ಗತಿ ಏನು ಎಂದೊಡನೆ ನಮ್ಮ ಕಣ್ಣ ಮುಂದೆ ಬರುವುದು, ಕಿರುತೆರೆಯ ಸುದ್ದಿಗಳಲ್ಲಿ ಕಾಣುವ, ಹೊಟ್ಟೆ ಮೇಲಾಗಿ ತೇಲುವ ಸತ್ತ ಮೀನುಗಳ ರಾಶಿ. 2016ರ ಮಾರ್ಚ್ ತಿಂಗಳಲ್ಲಿ ಬೆಂಗಳೂರಿನ ಹಲಸೂರು ಕೆರೆಯಲ್ಲಿ ಹಾಗೆ ಸಾವಿರಾರು ಮೀನುಗಳು ಸತ್ತವು. ಆದರೆ ಚರಂಡಿ ನೀರು ಸೇರುವ ಕೆರೆಗಳಲ್ಲಿ ಇಂಥ ಸಾಮೂಹಿಕ ಸಾವಿಗೆ ಹೆಚ್ಚಾಗಿ ಕಾರಣ ಆಮ್ಲಜನಕದ ಅಭಾವ; ಅಲ್ಲಿ ಮೀನು ಉಸಿರುಕಟ್ಟಿ ಸಾಯುತ್ತದೆ. ನಾವೀಗ ನೋಡಹೊರಟಿರುವುದು ಸದ್ದಿಲ್ಲದೆ ನಡೆಯುವ ಬೇರೊಂದು ವ್ಯವಹಾರವನ್ನು. ಕೀಟನಾಶಕ, ಎಣ್ಣೆ, ಕಾರ್ಖಾನೆಯ ರಾಸಾಯನಿಕ ಇತ್ಯಾದಿ ಪರಕೀಯ ವಸ್ತುಗಳು ಮೀನಿನ ದೇಹವನ್ನು ಹೊಕ್ಕ ಮೇಲೆ ಏನಾಗುತ್ತವೆ?

ಮೊದಲು ಅವು ಒಳಬರುವ ದಾರಿ. ಆಹಾರದ ಮೂಲಕ ಬರುವುದು ಸರಿಯೇ. ಆದರೆ ಮೀನಿಗೆ ಅದಕ್ಕಿಂತ ದೊಡ್ಡ ಬಾಗಿಲೊಂದು ಸದಾ ತೆರೆದಿರುತ್ತದೆ, ಅದೇ ಕಿವಿರು. ಒಂದು ಲೀಟರ್ ಗಾಳಿಯಲ್ಲಿ ಸುಮಾರು 210 ಮಿಲಿಲೀಟರ್ ಆಮ್ಲಜನಕವಿದ್ದರೆ, ಒಂದು ಲೀಟರ್ ನೀರಿನಲ್ಲಿ ಕರಗಿರುವುದು ಸುಮಾರು 6 ಮಿಲಿಲೀಟರ್ ಮಾತ್ರ. ಆದ್ದರಿಂದ ಮೀನು ಉಸಿರಾಟಕ್ಕಾಗಿ ಅಪಾರ ಪ್ರಮಾಣದ ನೀರನ್ನು ಕಿವಿರುಗಳ ಮೇಲೆ ಹಾಯಿಸುತ್ತಲೇ ಇರಬೇಕು. ಅಲ್ಲಿ ನೀರಿಗೂ ರಕ್ತಕ್ಕೂ ನಡುವೆ ಇರುವುದು ಬಹಳ ತೆಳುವಾದ ಪೊರೆ. ಕೊಬ್ಬಿನಲ್ಲಿ ಕರಗುವ ರಾಸಾಯನಿಕಗಳು ಆ ಪೊರೆಯನ್ನು ಸುಲಭವಾಗಿ ದಾಟುತ್ತವೆ. ಹೀಗೆ ಒಳಬಂದ ವಸ್ತು ರಕ್ತದೊಡನೆ ಸುತ್ತಿ, ಏನೂ ತಡೆಯಿಲ್ಲದಿದ್ದರೆ, ಕೊಬ್ಬಿನಲ್ಲಿ ನೆಲೆಯೂರುತ್ತದೆ.

ತಡೆ ಒಡ್ಡುವುದು ಮುಖ್ಯವಾಗಿ ಯಕೃತ್ತು. ಮೀನಿಗೆ ಈ ಸಾಮರ್ಥ್ಯವೇ ಇಲ್ಲ, ಬೇಡದ ವಸ್ತುವನ್ನು ಅದು ಕಿವಿರಿನ ಮೂಲಕವೇ ನೀರಿಗೆ ಬಿಟ್ಟುಬಿಡುತ್ತದೆ ಎಂಬ ಅಭಿಪ್ರಾಯ 1960ರ ದಶಕದ ಆರಂಭದಲ್ಲಿ ಇತ್ತು. ಆ ದಶಕ ಮುಗಿಯುವ ಮೊದಲೇ ಅದು ನಿಜವಲ್ಲವೆಂದು ಪ್ರಯೋಗಗಳು ತೋರಿಸಿದವು. ನಮ್ಮ ಯಕೃತ್ತಿನಲ್ಲಿರುವಂಥ ಕಿಣ್ವಗಳು ಮೀನಿನಲ್ಲಿಯೂ ಇವೆ.

ಅವುಗಳ ಕೆಲಸದ ಗುರಿ ಒಂದೇ: ಕೊಬ್ಬಿನಲ್ಲಿ ಕರಗುವ ವಸ್ತುವನ್ನು ನೀರಿನಲ್ಲಿ ಕರಗುವಂತೆ ಮಾಡುವುದು. ನೀರಿನಲ್ಲಿ ಕರಗಿದರೆ ಪಿತ್ತರಸದಲ್ಲೋ ಮೂತ್ರದಲ್ಲೋ ಹೊರಹಾಕಬಹುದು. ಮೊದಲ ಹೆಜ್ಜೆಯಲ್ಲಿ ಸೈಟೋಕ್ರೋಮ್ ಪಿ-450 ಎಂಬ ಕಿಣ್ವಗಳ ಕುಟುಂಬವು ಪರಕೀಯ ಅಣುವಿಗೆ ಆಮ್ಲಜನಕದ ಒಂದು ಪರಮಾಣುವನ್ನು ಸೇರಿಸುತ್ತದೆ. ಅಣುವಿಗೆ ಒಂದು ಹಿಡಿಕೆ ಜೋಡಿಸಿದಂತೆ ಎನ್ನಿ. ಎರಡನೆಯ ಹೆಜ್ಜೆಯಲ್ಲಿ ಬೇರೆ ಕಿಣ್ವಗಳು ಆ ಹಿಡಿಕೆಗೆ ಗ್ಲುಕುರಾನಿಕ್ ಆಮ್ಲ, ಸಲ್ಫೇಟ್ ಅಥವಾ ಗ್ಲುಟಥಯೋನ್ ಎಂಬ ಮೂಟೆಯನ್ನು ಕಟ್ಟುತ್ತವೆ. ಈಗ ಅದು ನೀರಿನಲ್ಲಿ ಕರಗುತ್ತದೆ. ಮೊದಲೇ ಹಿಡಿಕೆಯಿರುವ ಅಣುವಾದರೆ ನೇರವಾಗಿ ಎರಡನೆಯ ಹೆಜ್ಜೆ.

ಈ ಮೂಟೆ ಕಟ್ಟುವ ಕೆಲಸ ಎಷ್ಟು ಮುಖ್ಯ? ಉತ್ತರ ಅಮೆರಿಕದ ಮಹಾಸರೋವರಗಳಲ್ಲಿ ಒಂದು ಇಡೀ ಮೀನುಗಾರಿಕೆಯ ಅಳಿವು ಉಳಿವು ಇದರ ಮೇಲೆ ನಿಂತಿತು. ಅಟ್ಲಾಂಟಿಕ್ ಸಾಗರದ ಲ್ಯಾಂಪ್ರೇ ದವಡೆಯಿಲ್ಲದ ಮೀನು. ನೋಡಲು ಹಾವುಮೀನಿನಂತೆ ಉದ್ದ. ಹಲ್ಲುಗಳಿರುವ ದುಂಡು ಬಾಯಿಯಿಂದ ಇತರ ಮೀನುಗಳಿಗೆ ಕಚ್ಚಿಕೊಂಡು ರಕ್ತ ಹೀರುತ್ತದೆ. ನಯಾಗರ ಜಲಪಾತ ಅದಕ್ಕೆ ಅಡ್ಡಗೋಡೆಯಾಗಿತ್ತು. ಹಡಗುಗಳಿಗಾಗಿ ಮನುಷ್ಯ ತೋಡಿದ ವೆಲ್ಯಾಂಡ್ ಕಾಲುವೆ ಆ ಗೋಡೆಗೆ ಬಳಸುದಾರಿಯಾಯಿತು. 1921ರಲ್ಲಿ ಈರಿ ಸರೋವರದಲ್ಲಿ ಕಂಡ ಲ್ಯಾಂಪ್ರೇ ಮುಂದಿನ ಎರಡು ದಶಕಗಳಲ್ಲಿ ಮೇಲಿನ ಎಲ್ಲ ಸರೋವರಗಳಿಗೂ ಹಬ್ಬಿತು. ಅದು ಬರುವ ಮೊದಲು ಮೇಲಿನ ಸರೋವರಗಳಲ್ಲಿ ವರ್ಷಕ್ಕೆ ಸುಮಾರು 68 ಲಕ್ಷ ಕಿಲೋಗ್ರಾಂ ಟ್ರೌಟ್ ಮೀನು ಸಿಗುತ್ತಿತ್ತು. 1960ರ ದಶಕದ ಆರಂಭಕ್ಕೆ ಅದು ಒಂದೂವರೆ ಲಕ್ಷ ಕಿಲೋಗ್ರಾಮಿಗೂ ಕೆಳಗಿಳಿಯಿತು. ಅತಿಯಾದ ಮೀನುಗಾರಿಕೆಯೂ ಇದರಲ್ಲಿ ಪಾಲುದಾರ ಎನ್ನಬೇಕು.

ಲ್ಯಾಂಪ್ರೇಯ ಮರಿಗಳು ಹಲವು ವರ್ಷ ಹೊಳೆಗಳ ಕೆಸರಿನಲ್ಲಿ ಹುದುಗಿರುತ್ತವೆ. ಅವನ್ನು ಅಲ್ಲೇ ಕೊಲ್ಲಬೇಕು, ಜೊತೆಯಲ್ಲಿರುವ ಟ್ರೌಟ್ ಸಾಯಬಾರದು. ಇಂಥ ವಿಷವನ್ನು ಹುಡುಕಲು ಮಿಷಿಗನ್ ರಾಜ್ಯದ ಹ್ಯಾಮಂಡ್ ಬೇ ಪ್ರಯೋಗಾಲಯದಲ್ಲಿ ಸುಮಾರು 6,000 ರಾಸಾಯನಿಕಗಳನ್ನು ಒಂದೊಂದಾಗಿ ಪರೀಕ್ಷಿಸಿದರು. ಸಿಕ್ಕಿದ್ದು ಟಿಎಫ್ಎಂ ಎಂಬ ನೈಟ್ರೋಫೀನಾಲ್ ಸಂಯುಕ್ತ. 1958ರಿಂದ ಅದನ್ನು ಹೊಳೆಗಳಲ್ಲಿ ಬಳಸತೊಡಗಿದರು. ಜೀವಕೋಶ ಶಕ್ತಿ ತಯಾರಿಸುವ ಕ್ರಿಯೆಯನ್ನೇ ಈ ವಿಷ ಕೆಡಿಸುತ್ತದೆ. ಟ್ರೌಟ್ ಮೀನಿನ ದೇಹಕ್ಕೂ ಅದು ಹೋಗುತ್ತದೆ, ಆದರೆ ಟ್ರೌಟ್ ಅದಕ್ಕೆ ಬೇಗಬೇಗನೆ ಗ್ಲುಕುರಾನಿಕ್ ಆಮ್ಲ ಕಟ್ಟಿ ಹೊರದೂಡುತ್ತದೆ. ಲ್ಯಾಂಪ್ರೇಯಲ್ಲಿ ಆ ಕಿಣ್ವದ ಸಾಮರ್ಥ್ಯ ತೀರ ಕಡಿಮೆ. ವಿಷ ಒಂದೇ, ನೀರು ಒಂದೇ. ಒಂದು ಬದುಕುತ್ತದೆ, ಇನ್ನೊಂದು ಸಾಯುತ್ತದೆ. ಲ್ಯಾಂಪ್ರೇಗಳ ಸಂಖ್ಯೆ ಸುಮಾರು 90 ಶೇಕಡ ಇಳಿಯಿತು. ಆದರೆ ಅದೇ ಕಿಣ್ವ ದುರ್ಬಲವಾಗಿರುವ ಸ್ಥಳೀಯ ಸ್ಟರ್ಜನ್ ಮರಿಗಳಿಗೂ ಟಿಎಫ್ಎಂ ಅಪಾಯಕಾರಿ. ಆದ್ದರಿಂದ ಪ್ರಮಾಣವನ್ನು ಬಹಳ ಲೆಕ್ಕ ಹಾಕಿ ಬಿಡಬೇಕಾಗುತ್ತದೆ.

ಹಾಗಾದರೆ ಯಕೃತ್ತು ಚುರುಕಾಗಿದ್ದಷ್ಟೂ ಮೀನು ಕ್ಷೇಮವೇ? ಹಾಗೆ ಹೇಳುವಂತಿಲ್ಲ. ಮೊದಲ ಹೆಜ್ಜೆಯಲ್ಲಿ ಜೋಡಿಸಿದ ಹಿಡಿಕೆಯೇ ಕೆಲವೊಮ್ಮೆ ಕತ್ತಿಯಾಗುತ್ತದೆ. ಡಾಂಬರು, ಹೊಗೆ, ಎಣ್ಣೆಗಳಲ್ಲಿ ಬೆಂಜೋಪೈರೀನ್ ಎಂಬ ವಸ್ತುವಿದೆ. ಅದು ತಾನಾಗಿ ಅಷ್ಟು ಚಟುವಟಿಕೆಯುಳ್ಳದ್ದಲ್ಲ. ಯಕೃತ್ತಿನ ಕಿಣ್ವಗಳು ಅದನ್ನು ಹೊರಹಾಕಲು ಮಾರ್ಪಡಿಸುವಾಗ ನಡುವೆ ಹುಟ್ಟುವ ರೂಪವೊಂದು ಜೀವಕೋಶದ ಡಿಎನ್ಎಗೆ ಅಂಟಿಕೊಂಡು ಕ್ಯಾನ್ಸರಿಗೆ ದಾರಿ ಮಾಡುತ್ತದೆ. ಅಮೆರಿಕದ ಪ್ಯೂಜೆಟ್ ಸೌಂಡ್ ಎಂಬ ಸಮುದ್ರದ ಚಾಚಿನಲ್ಲಿ, ತಳದ ಕೆಸರಿಗೊರಗಿ ಬಾಳುವ, ನಮ್ಮ ಕರಾವಳಿಯ ನಂಗಿನಂತೆ ಚಪ್ಪಟೆಯಾದ ಸೋಲ್ ಮೀನುಗಳ ಯಕೃತ್ತಿನಲ್ಲಿ ಗಡ್ಡೆಗಳು ಕಂಡುಬಂದದ್ದು ಹೀಗೆ. ಅಲ್ಲಿನ ಈಗಲ್ ಹಾರ್ಬರ್ ಬಂದರಿನಲ್ಲಿ ಮರಕ್ಕೆ ಬಳಿಯುವ ಕ್ರಿಯೊಸೋಟ್ ಎಣ್ಣೆ ತಳವನ್ನು ಕೆಡಿಸಿತ್ತು. 1993-94ರಲ್ಲಿ ಆ ಕೆಸರಿನ ಮೇಲೆ ಶುದ್ಧ ಮರಳು ಹೊದಿಸಿದರು. ಮುಂದಿನ ವರ್ಷಗಳಲ್ಲಿ ಮೀನಿನ ಯಕೃತ್ತಿನ ರೋಗವೂ ಇಳಿಯಿತು.

ಇಂಥ ಮೀನಿನ ಮಾಂಸವನ್ನಷ್ಟೇ ಪರೀಕ್ಷಿಸಿದರೆ ಬೆಂಜೋಪೈರೀನ್ ಹೆಚ್ಚೇನೂ ಸಿಗದು. ಯಕೃತ್ತು ಅದನ್ನು ಮಾರ್ಪಡಿಸಿ ಮುಗಿಸಿರುತ್ತದೆ. ಆದ್ದರಿಂದಲೇ ಎಣ್ಣೆ ಚೆಲ್ಲಿದೆಡೆ ವಿಜ್ಞಾನಿಗಳು ಮೀನಿನ ಪಿತ್ತರಸವನ್ನು ನೋಡುತ್ತಾರೆ. ನೀಲಿಕಲ್ಲಿನಂಥ ಚಿಪ್ಪಿನ ಪ್ರಾಣಿಗಳ ವಿಷಯ ಬೇರೆ. ಅವುಗಳಲ್ಲಿ ಈ ಕಿಣ್ವಗಳು ಮಂದ. ಹೀರಿದ್ದು ಬಹುಮಟ್ಟಿಗೆ ಹಾಗೆಯೇ ಉಳಿಯುತ್ತದೆ. ನೀರಿನ ಮಾಲಿನ್ಯ ಅಳೆಯಲು ಅವು ಹೇಳಿ ಮಾಡಿಸಿದಂತಿವೆ.

ಕೆಲವು ವಸ್ತುಗಳ ಮುಂದೆ ಮೀನಿನ ಯಕೃತ್ತೂ ಸೋಲುತ್ತದೆ. ಜಪಾನಿನ ಮಿನಮಾಟದಲ್ಲಿ 1956ರಲ್ಲಿ ಬೆಳಕಿಗೆ ಬಂದ ರೋಗಕ್ಕೆ ಕಾರಣವಾದ ಮೀಥೈಲ್ ಪಾದರಸ ಮೀನಿನ ಮಾಂಸದ ಪ್ರೋಟೀನಿಗೇ ಅಂಟಿ ಕೂರುತ್ತದೆ. ತೊಳೆದರೂ ಬೇಯಿಸಿದರೂ ಹೋಗದು. ಪಿಸಿಬಿ ಎಂಬ ಕ್ಲೋರಿನ್‌ಯುಕ್ತ ರಾಸಾಯನಿಕಗಳಲ್ಲಿಯೂ ಹಲವನ್ನು ಕಿಣ್ವಗಳು ಒಡೆಯಲಾರವು. ನ್ಯೂಯಾರ್ಕಿನ ಹಡ್ಸನ್ ನದಿಗೆ 1947ರಿಂದ 1977ರವರೆಗೆ ಕಾರ್ಖಾನೆಗಳಿಂದ ಪಿಸಿಬಿ ಹರಿದಿತ್ತು. ಆ ನದಿಯ ಟಾಮ್‌ಕಾಡ್ ಎಂಬ ಸಣ್ಣ ಮೀನು ಅಳಿಯಲಿಲ್ಲ. ಏಕೆಂಬುದನ್ನು 2011ರಲ್ಲಿ ಪ್ರಕಟವಾದ ಸಂಶೋಧನೆ ವಿವರಿಸಿತು. ಪಿಸಿಬಿ ಬಂದು ಕೂರುವ, ಪಿ-450 ಕಿಣ್ವವನ್ನು ಎಬ್ಬಿಸುವ ಗ್ರಾಹಕ ಪ್ರೋಟೀನೊಂದಿದೆ. ಅದು ಮಿತಿಮೀರಿ ಕೆರಳಿದಾಗಲೇ ಮರಿಗಳ ಹೃದಯ ಕೆಡುವುದು. ಹಡ್ಸನ್ನಿನ ಹೆಚ್ಚುಕಡಿಮೆ ಎಲ್ಲ ಟಾಮ್‌ಕಾಡ್‌ಗಳಲ್ಲಿ ಆ ಪ್ರೋಟೀನಿನ ಎರಡು ಅಮೈನೋ ಆಮ್ಲಗಳು ಕಾಣೆಯಾಗಿವೆ. ಪಿಸಿಬಿ ಅದಕ್ಕೆ ಸರಿಯಾಗಿ ಅಂಟದು, ಮೀನು ಕೆರಳದು. ಹೀಗೆ ಟಾಮ್‌ಕಾಡ್ ಉಳಿಯಿತು. ಆದರೆ ಅದು ವಿಷವನ್ನು ಕರಗಿಸಿದ್ದೂ ಅಲ್ಲ, ಹೊರಹಾಕಿದ್ದೂ ಅಲ್ಲ. ಕೊಬ್ಬಿನಲ್ಲಿ ಹೊತ್ತುಕೊಂಡೇ ಈಜುತ್ತದೆ. ಅದನ್ನು ನುಂಗುವ ದೊಡ್ಡ ಮೀನಿನ ಗ್ರಾಹಕ ಪ್ರೋಟೀನಿನಲ್ಲಿ ಅಂಥ ಬದಲಾವಣೆ ಆಗಿರಬೇಕೆಂದೇನೂ ಇಲ್ಲ.